ಒಡಕಿನ ಮೇಲಣ ಬಂಗಾರ

ಶರನ್ನವರಾತ್ರಿಯ ಪಾಡ್ಯಕ್ಕೆ ಒಂದೆರಡು ದಿನ ಮುಂಚೆ, ಹೈದರಾಬಾದಿನಲ್ಲಿ ನೆಲೆಸಿದ ಹಳೆಯ ಮೈಸೂರು ಸೀಮೆಯವರ ಮನೆಗಳಲ್ಲಿ ಅಟ್ಟದ ಮೇಲಿನಿಂದ ಗೊಂಬೆಗಳ ಪೆಟ್ಟಿಗೆ ಕೆಳಗಿಳಿಯುತ್ತದೆ. ಹಳೆಯ ಸೀರೆಯ ತುಂಡುಗಳ ನಡುವೆ ವರ್ಷವೆಲ್ಲ ಮಲಗಿದ್ದ ದೇವತೆಗಳೂ ದಾಸರೂ ಶೆಟ್ಟಿ-ಶೆಟ್ಟಗಿತ್ತಿಯರೂ ಒಬ್ಬೊಬ್ಬರಾಗಿ ಬೆಳಕಿಗೆ ಬರುತ್ತಾರೆ. ಪಟ್ಟದ ಗೊಂಬೆಗಳು ಮರದವು. ಅವುಗಳ ವಿಷಯದಲ್ಲಿ ಆತಂಕವಿಲ್ಲ. ಮಣ್ಣಿನವೂ ಪಿಂಗಾಣಿಯವೂ ಹಾಗಲ್ಲ. ಯಾವುದೋ ಒಂದರ ಮೂಗು ಮುಕ್ಕಾಗಿರುತ್ತದೆ, ಇನ್ನೊಂದರ ಕೈ ಮುರಿದಿರುತ್ತದೆ, ಮತ್ತೊಂದರ ಪೀಠದಿಂದ ಕತ್ತಿನವರೆಗೆ ಕೂದಲೆಳೆಯಂತಹ ಸೀಳು ಹರಿದಿರುತ್ತದೆ. ಭಿನ್ನವಾದುದನ್ನು ಕಲಶದ ಎದುರಿನ ಮೆಟ್ಟಿಲ ಮೇಲೆ ಇಡಬಹುದೆ ಎಂಬ ಪ್ರಶ್ನೆ ಆಗ ಏಳುತ್ತದೆ. ಅಜ್ಜಿ ಬೇಡವೆನ್ನುತ್ತಾಳೆ. ಮೊಮ್ಮಗಳು ಅದೇ ಗೊಂಬೆಯನ್ನು ಎದೆಗವಚಿಕೊಂಡು ಕೊಡುವುದಿಲ್ಲವೆನ್ನುತ್ತಾಳೆ.

ಈ ಪ್ರಶ್ನೆ ಗೊಂಬೆಗಷ್ಟೇ ಸಂಬಂಧಿಸಿದ್ದೆಂದು ತಿಳಿಯುವುದು ಸರಿಯಲ್ಲ. ಕನ್ನಡದಲ್ಲಿ ‘ಒಡಕು’ ಎಂಬ ಮಾತು ಪಾತ್ರೆಗೂ ಸಲ್ಲುತ್ತದೆ, ಮನೆತನಕ್ಕೂ ಸಲ್ಲುತ್ತದೆ. ಒಡಕು ಗಡಿಗೆ ಎನ್ನುವವರೇ ಅಣ್ಣತಮ್ಮಂದಿರಲ್ಲಿ ಒಡಕು ಬಿತ್ತೆಂದೂ ಹೇಳುತ್ತಾರೆ. ಭಾಷೆಯನ್ನು ಕಟ್ಟಿದ ಹಿರಿಯರು ಈ ಎರಡಕ್ಕೂ ಒಂದೇ ಪದವನ್ನು ಸುಮ್ಮನೆ ಇಟ್ಟಿರಲಾರರು. ಒಂದರ ರಿಪೇರಿಯನ್ನು ಬಲ್ಲವನು ಇನ್ನೊಂದರ ರಿಪೇರಿಯ ಬಗೆಗೂ ಏನಾದರೂ ಕಲಿಯಬಹುದೆಂಬ ಸೂಚನೆ ಆ ಪದದಲ್ಲಿಯೇ ಇದೆ.

ಶಾಸ್ತ್ರವು ಈ ವಿಷಯದಲ್ಲಿ ಮೌನವಾಗಿಲ್ಲ. ಅಗ್ನಿಪುರಾಣದಲ್ಲಿ ಜೀರ್ಣೋದ್ಧಾರದ ವಿಧಿಯೇ ಇದೆ. ಭಗ್ನವಾದ ಮರದ ಮೂರ್ತಿಯನ್ನು ಅಗ್ನಿಗೂ ಶಿಲೆಯ ಮೂರ್ತಿಯನ್ನು ನೀರಿಗೂ ಒಪ್ಪಿಸತಕ್ಕದ್ದೆಂದು ಅದು ಹೇಳುತ್ತದೆ. ಈ ನಿಯಮದ ಹಿಂದೆ ಇರುವುದು ತಿರಸ್ಕಾರವಲ್ಲ, ಗೌರವ. ದೇವರು ಆವಾಹನೆಗೊಂಡಿದ್ದ ರೂಪವು ಬೀದಿಯ ಪಾಲಾಗಬಾರದೆಂಬ ಕಾಳಜಿಯಿಂದ ಅದು ಹುಟ್ಟಿತು. ಆದರೆ ನಿಯಮದ ಮಾತನ್ನು ಹಿಡಿದು ಅದರ ಹೃದಯವನ್ನು ಬಿಡುವ ಜನ ಎಲ್ಲ ಕಾಲದಲ್ಲಿಯೂ ಇರುತ್ತಾರೆ. ಅಂತಹ ಸಂದರ್ಭವೊಂದು 1855ರಲ್ಲಿ ದಕ್ಷಿಣೇಶ್ವರದಲ್ಲಿ ಒದಗಿತು.

ರಾಣಿ ರಾಸಮಣಿಯು ಕಟ್ಟಿಸಿದ ಕಾಳಿಕಾಲಯದ ಆವರಣದಲ್ಲಿ ರಾಧಾಕಾಂತನ ಗುಡಿಯೂ ಇದೆ. ಜನ್ಮಾಷ್ಟಮಿಯ ಮರುದಿನ ಅರ್ಚಕನು ಕೃಷ್ಣಮೂರ್ತಿಯನ್ನು ಶಯನಕ್ಕೆ ಒಯ್ಯುತ್ತಿದ್ದಾಗ ಕಾಲು ಜಾರಿ ಬಿದ್ದನು. ಮೂರ್ತಿಯ ಪಾದ ಮುರಿಯಿತು. ಪಂಡಿತರ ಸಭೆ ಸೇರಿತು. ಭಗ್ನಮೂರ್ತಿಯನ್ನು ಗಂಗೆಯಲ್ಲಿ ವಿಸರ್ಜಿಸಿ ಹೊಸದನ್ನು ಪ್ರತಿಷ್ಠಿಸತಕ್ಕದ್ದೆಂದು ತೀರ್ಪಾಯಿತು. ಹೊಸ ಮೂರ್ತಿಗೆ ಅಪ್ಪಣೆಯೂ ಹೋಯಿತು. ಆಗ ಇನ್ನೂ ಇಪ್ಪತ್ತರ ಹರೆಯದಲ್ಲಿದ್ದ ಶ್ರೀರಾಮಕೃಷ್ಣರನ್ನು ರಾಣಿಯ ಕಡೆಯವರು ಕೇಳಿದರು. ರಾಣಿಯ ಅಳಿಯಂದಿರಲ್ಲಿ ಒಬ್ಬರು ಬಿದ್ದು ಕಾಲು ಮುರಿದುಕೊಂಡರೆ ಅವರನ್ನು ಹೊರಗೆ ಹಾಕಿ ಬೇರೊಬ್ಬರನ್ನು ತಂದು ಕೂರಿಸುತ್ತಾರೆಯೆ, ವೈದ್ಯನನ್ನು ಕರೆಸುತ್ತಾರೆಯೆ ಎಂಬ ಅರ್ಥದ ಪ್ರಶ್ನೆಯನ್ನೇ ಅವರು ಉತ್ತರವಾಗಿ ಕೊಟ್ಟರು. ಸಭೆಗೆ ಮರುಮಾತು ಹೊಳೆಯಲಿಲ್ಲ. ಬಾಲ್ಯದಲ್ಲಿಯೇ ಮೂರ್ತಿ ಮಾಡುವ ಕೈಚಳಕವನ್ನು ಕಲಿತಿದ್ದ ಅವರು ಆ ಪಾದವನ್ನು ತಾವೇ ಕೂಡಿಸಿದರು. ಎಲ್ಲಿ ಮುರಿದಿತ್ತೆಂದು ಗುರುತು ಹಿಡಿಯಲಾಗದಷ್ಟು ಚೆನ್ನಾಗಿ ಕೂಡಿಸಿದರೆಂದು ಅವರ ಚರಿತ್ರಕಾರರು ಬರೆದಿದ್ದಾರೆ. ಪಂಡಿತರ ಪಾಲಿಗೆ ಅದು ಒಂದು ವಸ್ತು, ಅವರ ಪಾಲಿಗೆ ಮನೆಯವನು. ಮನೆಯವನು ಮುರಿದರೆ ಮೊದಲು ಹುಡುಕುವುದು ಕಸದ ಬುಟ್ಟಿಯನ್ನಲ್ಲ.

ಇನ್ನು ಮಣ್ಣಿನ ಸ್ವಭಾವವನ್ನು ಸ್ವಲ್ಪ ನೋಡಬೇಕು. ಛಾಂದೋಗ್ಯೋಪನಿಷತ್ತಿನಲ್ಲಿ ಉದ್ದಾಲಕನು ಮಗ ಶ್ವೇತಕೇತುವಿಗೆ, ಒಂದು ಮಣ್ಣಿನ ಮುದ್ದೆಯನ್ನು ಅರಿತರೆ ಮಣ್ಣಿನಿಂದಾದ ಎಲ್ಲವನ್ನೂ ಅರಿತಂತೆ ಎಂದು ಉಪದೇಶಿಸುತ್ತಾನೆ. ತತ್ತ್ವದ ದೃಷ್ಟಿಯಿಂದ ಗಡಿಗೆಯೂ ಮಣ್ಣು, ಓಡೂ ಮಣ್ಣು. ಆದರೆ ವ್ಯವಹಾರದಲ್ಲಿ ಒಂದು ಭೇದವಿದೆ. ಅದನ್ನು ಯಾವ ಕುಂಬಾರನೂ ಬಲ್ಲ. ಸುಡದ ಹಸಿ ಮಡಕೆ ಒಡೆದರೆ ಅದನ್ನು ನೀರಿನಲ್ಲಿ ನೆನೆಹಾಕಿದರೆ ಸಾಕು, ಮತ್ತೆ ಮಣ್ಣಾಗುತ್ತದೆ, ಮತ್ತೆ ತಿಗರಿಯನ್ನೇರುತ್ತದೆ. ಒಮ್ಮೆ ಆವಿಗೆಯ ಬೆಂಕಿಯನ್ನು ಕಂಡ ಮಡಕೆಗೆ ಆ ಭಾಗ್ಯವಿಲ್ಲ. ಪಿಂಗಾಣಿಯಂತೂ ಸಾವಿರದ ಇನ್ನೂರು ಡಿಗ್ರಿಗೂ ಮೀರಿದ ಕಾವಿನಲ್ಲಿ ಬೆಂದು ಗಾಜಿನಂತಾದ ವಸ್ತು. ಅದರ ಚೂರುಗಳನ್ನು ನೂರು ವರ್ಷ ನೀರಿನಲ್ಲಿಟ್ಟರೂ ಅವು ಚೂರುಗಳೇ.

ಮಕ್ಕಳ ಜಗಳ ಹಸಿ ಮಡಕೆಯಂತಹುದು. ಬೆಳಿಗ್ಗೆ ಟೂ ಬಿಟ್ಟವರು ಸಂಜೆ ಒಂದೇ ತಟ್ಟೆಯಲ್ಲಿ ಉಣ್ಣುತ್ತಾರೆ. ಎರಡು ಹನಿ ಕಣ್ಣೀರು ಬಿದ್ದರೆ ಎಲ್ಲವೂ ಕರಗಿತು. ದೊಡ್ಡವರು ಸಂಸಾರದ ಬೆಂಕಿಯಲ್ಲಿ ಬೆಂದವರು. ಗಟ್ಟಿಯಾದದ್ದರಿಂದಲೇ ಅವರು ಕೆಲಸಕ್ಕೆ ಬಂದದ್ದು. ಗಟ್ಟಿಯಾದದ್ದರಿಂದಲೇ ಅವರ ಒಡಕು ತಾನಾಗಿ ಕರಗುವುದಿಲ್ಲ. ‘ಕಾಲವೇ ಎಲ್ಲವನ್ನೂ ಸರಿಪಡಿಸುತ್ತದೆ’ ಎನ್ನುವವರು ಹಸಿ ಮಣ್ಣಿನ ಧರ್ಮವನ್ನು ಬೆಂದ ಮಣ್ಣಿಗೆ ಹೇಳುತ್ತಿದ್ದಾರೆ. ಬೆಂದದ್ದು ಒಡೆದರೆ ಯಾರಾದರೂ ಕುಳಿತು ಕೂಡಿಸಬೇಕು.

ಕೂಡಿಸುವ ವಿದ್ಯೆಯನ್ನು ನೆನೆಯಲು ಹೈದರಾಬಾದಿಗಿಂತ ತಕ್ಕ ಊರು ಅಪರೂಪ. ಮೂಸಿ ನದಿಯ ದಕ್ಷಿಣದ ದಡದಲ್ಲಿರುವ ಸಾಲಾರ್ ಜಂಗ್ ವಸ್ತುಸಂಗ್ರಹಾಲಯವನ್ನು ಕಾಣದ ಕನ್ನಡಿಗರು ಈ ನಗರದಲ್ಲಿ ಕಡಮೆ. ಮೂರನೆಯ ಸಾಲಾರ್ ಜಂಗ್ ಮೀರ್ ಯೂಸುಫ್ ಅಲಿ ಖಾನರು (1889–1949) ಕೂಡಿಟ್ಟ ಸಂಪತ್ತು ಅದರ ತಿರುಳು. 1951ರ ಡಿಸೆಂಬರ್ 16ರಂದು ಅವರ ಅರಮನೆಯಾದ ದಿವಾನ್ ದೇವಡಿಯಲ್ಲಿಯೇ ಅದು ಸಾರ್ವಜನಿಕರಿಗೆ ತೆರೆಯಿತು. 1968ರಲ್ಲಿ ಈಗಿನ ಕಟ್ಟಡಕ್ಕೆ ಬಂದಿತು. ಜನರು ಸಾಮಾನ್ಯವಾಗಿ ಗಡಿಯಾರದ ಬೊಂಬೆ ಗಂಟೆ ಹೊಡೆಯುವುದನ್ನು ನೋಡಲು ನೆರೆಯುತ್ತಾರೆ, ಮುಸುಕಿನ ರೆಬೆಕ್ಕಳ ಎದುರು ನಿಲ್ಲುತ್ತಾರೆ, ಪಿಂಗಾಣಿಯ ಕೋಣೆಗಳನ್ನು ಬೇಗಬೇಗ ದಾಟುತ್ತಾರೆ. ಅಲ್ಲಿ ಚೀನದ ನೀಲಿ-ಬಿಳಿ ಪಾತ್ರೆಗಳಿವೆ, ಜಪಾನಿನವಿವೆ, ಫ್ರಾನ್ಸಿನ ಸೆವ್ರ್ ಮತ್ತು ಜರ್ಮನಿಯ ಡ್ರೆಸ್ಡನ್ ಕಡೆಯ ಪಿಂಗಾಣಿಯಿದೆ. ತಿಳಿಹಸಿರು ಮೆರುಗಿನ ‘ಗೋರಿ’ ತಟ್ಟೆಗಳೂ ಇವೆ. ವಿಷ ಬೆರೆತ ಆಹಾರವನ್ನು ಬಡಿಸಿದರೆ ಈ ತಟ್ಟೆ ಬಿರಿಯುತ್ತದೆ ಅಥವಾ ಬಣ್ಣ ಬದಲಿಸುತ್ತದೆಂದು ನವಾಬರ ಕಾಲದವರು ನಂಬಿದ್ದರು. ವಿಜ್ಞಾನ ಅದನ್ನು ಒಪ್ಪುವುದಿಲ್ಲ. ಒಡೆಯನ ಪ್ರಾಣವನ್ನು ಉಳಿಸಲು ತಟ್ಟೆ ತಾನು ಒಡೆಯುತ್ತದೆಂಬ ಕಲ್ಪನೆ ಮಾತ್ರ ಸುಂದರವಾಗಿದೆ. ಮನೆಯಲ್ಲಿ ವಿಷ ಸೇರಿದಾಗ ಮೊದಲು ಬಿರಿಯುವವರು ಯಾರೆಂಬುದನ್ನು ಸಂಸಾರಸ್ಥರು ಬಲ್ಲರು, ಅತ್ಯಂತ ಮೃದುವಾದವರು.

ಹಿಂದಿನ ದಿವಾನ್ ದೇವಡಿಯಲ್ಲಿ ಚೀನಿಖಾನಾ ಎಂಬ ಒಂದು ಕೋಣೆಯೇ ಇತ್ತು. ಗೋಡೆಗಳ ತುಂಬ ಪಿಂಗಾಣಿಯ ತಟ್ಟೆ-ಬಟ್ಟಲುಗಳನ್ನು ಹುದುಗಿಸಿದ್ದರು. ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಲಾಲಾ ದೀನ್ ದಯಾಳ್ ಅವರು ತೆಗೆದ ಅದರ ಛಾಯಾಚಿತ್ರ ಉಳಿದಿದೆ. ಅರಮನೆಯ ಬಹುಭಾಗ ಈಗ ಇಲ್ಲ. ಕಲ್ಲುಗಾರೆಯ ಗೋಡೆ ಹೋಗಿ, ಕೈಜಾರಿದರೆ ಒಡೆಯುವ ಪಿಂಗಾಣಿ ಸಂಗ್ರಹಾಲಯದ ಕಪಾಟುಗಳಲ್ಲಿ ಉಳಿದಿದೆ. ಯಾವುದು ಗಟ್ಟಿ, ಯಾವುದು ನಾಜೂಕು ಎಂಬ ಲೆಕ್ಕ ಮನುಷ್ಯನದು ಬೇರೆ, ಕಾಲನದು ಬೇರೆ.

ಒಡೆದ ಪಿಂಗಾಣಿಯನ್ನು ಇಂದಿನ ಸಂರಕ್ಷಕರು ಹೇಗೆ ಕೂಡಿಸುತ್ತಾರೆಂಬುದನ್ನು ಅರಿತರೆ ಅದೊಂದು ಸಾಧನಾಕ್ರಮದಂತೆಯೇ ತೋರುತ್ತದೆ. ಅವರು ಮೊದಲು ಅಂಟನ್ನು ಮುಟ್ಟುವುದೇ ಇಲ್ಲ. ಚೂರುಗಳನ್ನೆಲ್ಲ ಬಟ್ಟೆಯ ಮೇಲೆ ಹರಡಿ, ಅಂಚುಗಳನ್ನು ತೊಳೆಯುತ್ತಾರೆ. ಹಳೆಯ ಪಾತ್ರೆ ಹಿಂದೆಯೂ ಒಮ್ಮೆ ಒಡೆದು ಯಾರೋ ಅವಸರದಲ್ಲಿ ಅಂಟಿಸಿದ್ದಿರಬಹುದು. ಆ ಹಳೆಯ ಅಂಟು ಹಳದಿಯಾಗಿ, ಕೊಳೆಯನ್ನು ಹಿಡಿದುಕೊಂಡು ಅಂಚಿನಲ್ಲಿ ಕುಳಿತಿರುತ್ತದೆ. ಚರ್ಮ-ಎಲುಬುಗಳನ್ನು ಕುದಿಸಿ ಮಾಡಿದ ಅಂಟಾದರೆ ಬೆಚ್ಚನೆಯ ನೀರಿಗೆ ಬಿಡುತ್ತದೆ, ಅರಗಾದರೆ ಮದ್ಯಸಾರಕ್ಕೆ ಬಿಡುತ್ತದೆ. ಅದು ಸಂಪೂರ್ಣವಾಗಿ ಹೋಗುವವರೆಗೆ ಹೊಸ ಅಂಟು ಹಾಕುವಂತಿಲ್ಲ. ಏಕೆಂದರೆ ಕೂದಲೆಳೆಯಷ್ಟು ಹಳೆಯ ಅಂಟು ಉಳಿದರೂ ಎರಡು ಅಂಚುಗಳು ಪೂರ್ತಿಯಾಗಿ ಕೂಡುವುದಿಲ್ಲ; ಒಂದೆಡೆಯ ಆ ಸ್ವಲ್ಪ ವ್ಯತ್ಯಾಸ ಮುಂದಿನ ಚೂರಿನಲ್ಲಿ ಹೆಚ್ಚಿ, ಕೊನೆಯ ಚೂರಿಗೆ ಜಾಗವೇ ಇಲ್ಲದಂತಾಗುತ್ತದೆ.

ಸಂಧಾನಕ್ಕೆ ಕುಳಿತ ಬಂಧುಗಳ ನಡುವೆ ನಡೆಯುವುದೂ ಇದೇ ಅಲ್ಲವೆ? ‘ಆಗಿದ್ದು ಆಗಿಹೋಯಿತು, ಕೈ ಕುಲುಕಿ’ ಎಂದು ಮಧ್ಯಸ್ಥರು ಅವಸರಪಡಿಸುತ್ತಾರೆ. ಹತ್ತು ವರ್ಷದ ಹಿಂದಿನ ಮಾತೊಂದು ಅಂಚಿನಲ್ಲಿ ಹಾಗೆಯೇ ಉಳಿದಿರುತ್ತದೆ. ಅದರ ಮೇಲೆಯೇ ಹೊಸ ಅಂಟು ಬೀಳುತ್ತದೆ. ಮುಂದಿನ ಯುಗಾದಿಯ ಹೊತ್ತಿಗೆ ಕೂಡಿಸಿದ್ದೆಲ್ಲ ಮತ್ತೆ ಅದೇ ಗೆರೆಯಲ್ಲಿ ಬಿಟ್ಟುಕೊಳ್ಳುತ್ತದೆ. ಪ್ರಾಯಶ್ಚಿತ್ತದಲ್ಲಿ ಪಶ್ಚಾತ್ತಾಪವನ್ನೂ ದೋಷದ ನಿವೇದನೆಯನ್ನೂ ಶಾಸ್ತ್ರಕಾರರು ಮೊದಲಿಗೆ ಇಟ್ಟದ್ದು ಇದಕ್ಕಾಗಿಯೇ. ತೊಳೆಯುವುದು ಮೊದಲು, ಕೂಡಿಸುವುದು ಆಮೇಲೆ.

ತೊಳೆದ ಮೇಲೆಯೂ ಕುಶಲಿಗಳು ಅಂಟು ಹಾಕುವುದಿಲ್ಲ. ಒಣ ಚೂರುಗಳನ್ನು ಟೇಪಿನಿಂದ ಹಿಡಿಸಿ ಇಡಿಯ ಪಾತ್ರೆಯನ್ನು ಒಮ್ಮೆ ಜೋಡಿಸಿ ನೋಡುತ್ತಾರೆ. ಯಾವುದರ ನಂತರ ಯಾವುದು ಬರಬೇಕೆಂದು ಗುರುತು ಹಾಕಿಕೊಳ್ಳುತ್ತಾರೆ. ಆಮೇಲೆ ಒಂದು ಬಾರಿಗೆ ಸ್ವಲ್ಪವೇ ಅಂಟು. ಹೆಚ್ಚು ಹಾಕಿದರೆ ಬಿಗಿಯುವುದಕ್ಕೆ ಬದಲು ಹೊರಗೆ ಹರಿದು ಹೊಲಸಾಗುತ್ತದೆ. ಕೂಡಿಸಿದ ಭಾಗವನ್ನು ಮರಳು ತುಂಬಿದ ತಟ್ಟೆಯಲ್ಲಿ ಸಮತೂಕಕ್ಕೆ ನಿಲ್ಲಿಸಿ ಕಾಯುತ್ತಾರೆ. ಪಾತ್ರೆಯ ಭಾರವೇ ಪಾತ್ರೆಯನ್ನು ಕೂಡಿಸುತ್ತದೆ; ಕೈಯಿಂದ ಅದುಮಿ ಹಿಡಿದವನ ಕೈ ನಡುಗುತ್ತದೆ.

ಅವರು ಆರಿಸುವ ಅಂಟಿನಲ್ಲಿಯೂ ಒಂದು ವಿವೇಕವಿದೆ. ಅಂಗಡಿಯಲ್ಲಿ ಸಿಗುವ ಎಪಾಕ್ಸಿ ಅಂಟುಗಳು ಬಹಳ ಬಲವಾದವು. ಅವು ಕಾಲಕ್ರಮದಲ್ಲಿ ಹಳದಿಯಾಗುತ್ತವೆ, ಬಿಡಿಸುವುದೂ ಕಷ್ಟ. ಸಂಗ್ರಹಾಲಯಗಳ ಸಂರಕ್ಷಕರು ಅನೇಕ ಕೆಲಸಗಳಿಗೆ ಪ್ಯಾರಲಾಯ್ಡ್ ಬಿ-72 ಎಂಬ ರಾಳವನ್ನು ಬಳಸುತ್ತಾರೆ. ಅದು ಸುಲಭವಾಗಿ ಬಣ್ಣಗೆಡುವುದಿಲ್ಲ. ಬೇಕೆಂದಾಗ ಅಸಿಟೋನಿನಲ್ಲಿ ಕರಗುತ್ತದೆ. ನಾಳೆ ಇದಕ್ಕಿಂತ ಬಲ್ಲವನು ಬಂದರೆ ಅವನು ಇದನ್ನು ಬಿಚ್ಚಿ ಇನ್ನೂ ಚೆನ್ನಾಗಿ ಕೂಡಿಸಲು ಸಾಧ್ಯವಾಗಬೇಕೆಂಬುದು ಅವರ ಧರ್ಮ. ಮುಕ್ಕಾದ ಅಂಚನ್ನು ತುಂಬಿ ಬಣ್ಣ ಹಚ್ಚುವಾಗಲೂ ತುಂಬಿದ ಭಾಗದ ಮೇಲಷ್ಟೇ ಕುಂಚ ಆಡಬೇಕು; ಉಳಿದಿರುವ ಮೂಲದ ಮೆರುಗಿನ ಮೇಲೆ ಒಂದು ಹನಿಯೂ ಹರಿಯಬಾರದು. ದೂರದಿಂದ ಕಣ್ಣಿಗೆ ಇಡಿಯಾಗಿ ಕಾಣಬೇಕು, ಹತ್ತಿರ ಬಂದು ನೋಡಿದವನಿಗೆ ಸತ್ಯ ತಿಳಿಯಬೇಕು. ಅಹಂಕಾರಕ್ಕೆ ಇದರಲ್ಲಿ ಎಲ್ಲಿಯೂ ಎಡೆಯಿಲ್ಲ. ಮನೆಯ ಜಗಳವನ್ನು ಬಿಡಿಸಿದ ಹಿರಿಯನು ‘ನನ್ನಿಂದಲೇ ಇವರು ಒಂದಾದರು’ ಎಂದು ಊರೆಲ್ಲ ಹೇಳಿಕೊಂಡು ತಿರುಗಿದರೆ, ಅವನು ಮೂಲದ ಚಿತ್ರದ ಮೇಲೆ ತನ್ನ ಬಣ್ಣ ಬಳಿದಂತೆ.

ಜಪಾನಿನಲ್ಲಿ ಇನ್ನೊಂದು ಕ್ರಮವಿದೆ. ಅದರ ಹೆಸರು ಕಿಂತ್ಸುಗಿ, ಎಂದರೆ ಬಂಗಾರದ ಬೆಸುಗೆ. ಅಲ್ಲಿ ಒಂದು ಜಾತಿಯ ಮರದ ಹಾಲನ್ನು ಅಂಟಾಗಿ ಬಳಸಿ, ಅದು ವಾರಗಟ್ಟಲೆ ಆರಿದ ಮೇಲೆ ಸೀಳಿನ ಗೆರೆಯುದ್ದಕ್ಕೂ ಬಂಗಾರದ ಪುಡಿಯನ್ನು ಹಚ್ಚುತ್ತಾರೆ. ಒಡೆದದ್ದನ್ನು ಮುಚ್ಚಿಡುವುದಿಲ್ಲ, ಬೆಳಗಿಸುತ್ತಾರೆ. ಆ ನಾಡಿನ ಒಂದು ಬಟ್ಟಲಿನ ಕಥೆಯೂ ಪ್ರಸಿದ್ಧವಾಗಿದೆ. ಹದಿನೈದನೆಯ ಶತಮಾನದಲ್ಲಿ ಅಷಿಕಾಗಾ ಯೋಷಿಮಾಸನೆಂಬ ಅಧಿಪತಿಯ ಬಳಿ ಚೀನದ ತಿಳಿಹಸಿರು ಬಟ್ಟಲೊಂದು ಇತ್ತು. ಹೈದರಾಬಾದಿನವರು ಗೋರಿ ಎಂದು ಕರೆಯುವ ಜಾತಿಯದೇ. ಅದು ಸೀಳಿದಾಗ, ಇಂತಹುದೇ ಇನ್ನೊಂದು ಬೇಕೆಂದು ಅದನ್ನು ಚೀನಕ್ಕೆ ಕಳುಹಿಸಿದನಂತೆ. ಅಷ್ಟು ಉತ್ತಮವಾದುದನ್ನು ಮಾಡಬಲ್ಲವರು ಈಗ ಇಲ್ಲವೆಂದು, ಅಲ್ಲಿನವರು ಸೀಳಿಗೆ ಲೋಹದ ಮೊಳೆಗಳನ್ನು ಹೊಲಿಗೆಯಂತೆ ಹಾಕಿ ಅದನ್ನೇ ಹಿಂದಿರುಗಿಸಿದರಂತೆ. ಮಿಡತೆಗಳು ಕುಳಿತಂತೆ ಕಾಣುವ ಆ ಮೊಳೆಗಳ ಸಮೇತ ಬಟ್ಟಲು ಇಂದಿಗೂ ಟೋಕಿಯೋದ ರಾಷ್ಟ್ರೀಯ ಸಂಗ್ರಹಾಲಯದಲ್ಲಿದೆ. ಹೊಸದು ಸಿಕ್ಕಿದ್ದರೆ ಹಳೆಯದನ್ನು ಯಾರೂ ನೆನೆಯುತ್ತಿರಲಿಲ್ಲ. ಅಣ್ಣ ತಮ್ಮ, ತಾಯಿ ತಂದೆ, ಬಾಲ್ಯದ ಗೆಳೆಯ, ಇವರ ಜಾಗಕ್ಕೂ ಎಷ್ಟು ದೂರ ಬರೆದು ಕಳುಹಿಸಿದರೂ ಬೇರೊಂದು ಬರುವುದಿಲ್ಲ.

ಹೊರನಾಡಿನ ಮಾತು ಹಾಗಿರಲಿ. ಹೈದರಾಬಾದಿನ ಕನ್ನಡಿಗರು ವರ್ಷಕ್ಕೊಮ್ಮೆಯಾದರೂ ಹೋಗಿಬರುವ ತಿರುಮಲೆಯಲ್ಲಿ ಶ್ರೀನಿವಾಸನಿಗೆ ಬಂಗಾರದ ಪಾತ್ರೆಗಳಿಗೆ ಬರವಿಲ್ಲ. ಆದರೂ ಸಂಪ್ರದಾಯದಂತೆ ಕುಲಶೇಖರಪಡಿಯನ್ನು ದಾಟಿ ಅವನ ಸಮೀಪಕ್ಕೆ ಹೋಗುವ ಮೊಸರನ್ನದ ನೈವೇದ್ಯ ಮಣ್ಣಿನ ಒಡಕು ಮಡಕೆಯಲ್ಲಿರುತ್ತದೆ. ತೊಂಡಮಾನ್ ಚಕ್ರವರ್ತಿಯು ಅರ್ಪಿಸಿದ ಬಂಗಾರದ ಹೂಗಳನ್ನು ಸರಿಸಿ ಭೀಮನೆಂಬ ಬಡ ಕುಂಬಾರನ ಮಣ್ಣಿನ ಹೂಗಳು ಸ್ವಾಮಿಯ ಪಾದದಲ್ಲಿ ಕಾಣಿಸಿಕೊಂಡವೆಂಬ ಸ್ಥಳಪುರಾಣವನ್ನು ಭಕ್ತರೆಲ್ಲ ಬಲ್ಲರು. ಗೃಹಸ್ಥನು ಅಶುಭವೆಂದು ಹಿತ್ತಿಲಿಗೆ ಎಸೆಯುವುದನ್ನು ಜಗದೊಡೆಯನು ಕೈಯೊಡ್ಡಿ ಸ್ವೀಕರಿಸುತ್ತಾನೆ.

ಈಗ ವಿಜಯದಶಮಿಯ ಬನ್ನಿಗೆ ಬರಬೇಕು. ಕಲಬುರಗಿ, ಬೀದರ, ರಾಯಚೂರು ಜಿಲ್ಲೆಗಳು 1956ರ ನವೆಂಬರ್ 1ರವರೆಗೆ ಹೈದರಾಬಾದ್ ರಾಜ್ಯದಲ್ಲಿದ್ದವು. ಆ ಕಾಲದಲ್ಲಿ ನೌಕರಿಗಾಗಿಯೋ ಓದಿಗಾಗಿಯೋ ಬಂದು ನಿಂತ ಮನೆತನಗಳು ಇಂದಿಗೂ ಈ ನಗರದಲ್ಲಿ ಬಹಳ ಇವೆ. ದಶಮಿಯ ಸಂಜೆ ಅವರು ಬನ್ನಿಯ ಎಲೆಗಳನ್ನು ಹಂಚುತ್ತಾ, ಬನ್ನಿ ತೊಗೊಂಡು ಬಂಗಾರದಂಗ ಇರೋಣ ಎನ್ನುತ್ತಾರೆ. ತೆಲುಗು ನೆರೆಯವರೂ ಅದೇ ಎಲೆಯನ್ನು ಜಮ್ಮಿ ಎಂದು ಕರೆದು, ಬಂಗಾರವೆಂದೇ ಕೈಗಿಟ್ಟು, ಅಲಾಯ್-ಬಲಾಯ್ ಎಂದು ಅಪ್ಪಿಕೊಳ್ಳುತ್ತಾರೆ. ರಘುಮಹಾರಾಜನ ಭಯದಿಂದ ಕುಬೇರನು ಶಮೀವೃಕ್ಷದ ಮೇಲೆ ಹೊನ್ನಿನ ಮಳೆ ಸುರಿಸಿದನೆಂಬ ಕಥೆ ಇದರ ಹಿಂದಿದೆ. ಪಾಂಡವರು ಶಸ್ತ್ರಗಳನ್ನು ಬಿಟ್ಟು ಹೋದದ್ದೂ ಅದೇ ಮರದಲ್ಲಿ. ಶಸ್ತ್ರವನ್ನು ಕೆಳಗಿಟ್ಟ ಮರದ ಎಲೆಯೇ ಬಂಗಾರವಾಯಿತೆಂಬುದು ಯೋಚಿಸತಕ್ಕ ಸಂಗತಿ. ಕಿರಿಯರು ಹಿರಿಯರ ಮನೆಗೆ ಹೋಗಿ ಕೊಡಬೇಕೆಂಬುದು ಪದ್ಧತಿ. ವರ್ಷದಲ್ಲಿ ಒಂದು ಸಂಜೆಯಾದರೂ, ಮಾತು ಬಿಟ್ಟವನಿಗೆ ಬಾಗಿಲು ತಟ್ಟಲು ಒಂದು ನೆಪವನ್ನು ಧರ್ಮವೇ ಒದಗಿಸಿದೆ.

ಒಂದು ದೃಷ್ಟಾಂತವನ್ನು ಕಲ್ಪಿಸಿಕೊಳ್ಳಬಹುದು. ಕಲಬುರಗಿಯ ಕಡೆಯಿಂದ ಬಂದ ಒಂದು ಮನೆ. ತಂದೆ ಕಟ್ಟಿಸಿದ ಮನೆಯ ಪಾಲಿಗಾಗಿ ಅಣ್ಣತಮ್ಮಂದಿರಿಗೆ ಜಗಳವಾಯಿತು. ಪಾತ್ರೆಪಡಗಗಳನ್ನು ಹಂಚಿಕೊಳ್ಳುವ ದಿನ ಎಳೆದಾಟದಲ್ಲಿ ಅವ್ವನ ಉಪ್ಪಿನಕಾಯಿಯ ಭರಣಿ ಜಾರಿ ಮೂರು ಹೋಳಾಯಿತು. ನಲವತ್ತು ವರ್ಷ ಪ್ರತಿ ಬೇಸಿಗೆಯಲ್ಲಿ ಆಕೆ ಬೆರಳ ಗೆಣ್ಣಿನಿಂದ ತಟ್ಟಿ, ಗಂಟೆಯಂತೆ ದನಿ ಬಂದರೆ ಮಾತ್ರ ಮಾವಿನಕಾಯಿ ತುಂಬುತ್ತಿದ್ದ ಭರಣಿ ಅದು. ಸೀಳಿದ ಭರಣಿಯ ದನಿ ಮೊಂಡಾಗುತ್ತದೆ. ಕಣ್ಣಿಗೆ ಕಾಣದ ಸೀಳನ್ನೂ ಕಿವಿ ಹೇಳುತ್ತದೆ. ತಮ್ಮನು ಆ ಮೂರು ಹೋಳುಗಳನ್ನು ಚೀಲದಲ್ಲಿ ಕಟ್ಟಿಕೊಂಡು ಹೋದನು. ಐದು ವರ್ಷ ಒಬ್ಬರ ಮನೆಗೆ ಒಬ್ಬರು ಹೋಗಲಿಲ್ಲ. ಆರನೆಯ ದಸರೆಗೆ ಮುಂಚೆ ಅವನು ಆ ಚೀಲವನ್ನು ಬಿಚ್ಚಿ, ಅಂಚಿನಲ್ಲಿ ಅಂಟಿದ್ದ ಹಳೆಯ ಎಣ್ಣೆ-ಖಾರವನ್ನು ಎರಡು ದಿನ ತೊಳೆದು, ಹೋಳುಗಳನ್ನು ಕೂಡಿಸಿದನು. ಗೆರೆ ಕಾಣುತ್ತಿತ್ತು. ದಶಮಿಯ ಸಂಜೆ ಆ ಭರಣಿಯನ್ನೂ ಒಂದು ಹಿಡಿ ಬನ್ನಿಯನ್ನೂ ಹಿಡಿದು ಅಣ್ಣನ ಬಾಗಿಲಲ್ಲಿ ನಿಂತನು.

“ವೈನಿ, ಅಣ್ಣ ಅದಾನೇನ್ರಿ?”

ಅತ್ತಿಗೆ ಒಳಗೆ ನೋಡಿದಳು. ಅಣ್ಣ ಎದ್ದು ಬಂದನು. ತಮ್ಮನು ಕಾಲು ಮುಟ್ಟಿ ಬನ್ನಿಯನ್ನು ಕೈಗಿಟ್ಟು, ಹೇಳಬೇಕಾದ ಮಾತನ್ನು ಮೊದಲೇ ಹೇಳಿದನು: “ಅವತ್ತ ಅವ್ವನ ಮುಂದ ನಾ ಅಂದದ್ದು ತಪ್ಪಣ್ಣಾ.” ಅಣ್ಣ ಬಹಳ ಹೊತ್ತು ಏನೂ ಹೇಳಲಿಲ್ಲ. ಭರಣಿಯನ್ನು ಕೈಗೆ ತೆಗೆದುಕೊಂಡು ಅಭ್ಯಾಸಬಲದಿಂದ ಗೆಣ್ಣಿನಿಂದ ತಟ್ಟಿದನು. ದನಿ ಮೊಂಡಾಗಿಯೇ ಬಂದಿತು.

“ಉಪ್ಪಿನಕಾಯಿ ನಿಲ್ಲೂದಿಲ್ಲ ಇದರಾಗ,” ಎಂದನು.

“ನಿಲ್ಲೂದಿಲ್ಲಣ್ಣಾ. ಒಣಾದ್ದು ಹಾಕಬಹುದು.”

ಅಂಟು ಹಾಕಿದ ಪಾತ್ರೆ ಎಣ್ಣೆ-ಹುಳಿಗಳನ್ನೂ ಬಿಸಿಯನ್ನೂ ತಾಳುವುದಿಲ್ಲ, ತಿನ್ನುವ ಪದಾರ್ಥಕ್ಕೂ ತಕ್ಕುದಲ್ಲ. ಆ ಮನೆಯ ಪಾಲೂ ಹಾಗೆಯೇ ಉಳಿಯಿತು. ಇಬ್ಬರೂ ಮತ್ತೆ ಒಂದೇ ಸೂರಿನಡಿ ಬಾಳಲಿಲ್ಲ, ಒಂದೇ ವ್ಯಾಪಾರಕ್ಕೆ ಕೈ ಹಾಕಲಿಲ್ಲ. ಬೆಸೆದ ಸಂಬಂಧದ ಮೇಲೆ ಮೊದಲಿನ ಭಾರವನ್ನೆಲ್ಲ ಒಮ್ಮೆಲೇ ಹೇರದಿರುವುದೂ ಅದಕ್ಕೆ ಸಲ್ಲಿಸುವ ಮರ್ಯಾದೆಯೇ. ಅತ್ತಿಗೆಯು ಭರಣಿಯನ್ನು ಒಳಗೆ ಒಯ್ದು ದೇವರ ಮನೆಯ ಮೂಲೆಯಲ್ಲಿ ಇಟ್ಟಳು. ಬಂದವರು ಕೊಟ್ಟ ಬನ್ನಿಯನ್ನೆಲ್ಲ ಅದರಲ್ಲಿ ಹಾಕಿದಳು. ಮೈದುನನು ಚಪ್ಪಲಿ ಮೆಟ್ಟಲು ಹೊರಟಾಗ ಅವಳು ಅಡುಗೆಮನೆಯಿಂದಲೇ ಕೂಗಿದಳು: “ಹೋಳಿಗಿ ಅದಾವ, ಉಂಡ ಹೋಗ್ರಿ. ಎಲಿ ಹಾಕೀನಿ.”